ಆಡದೇ ಉಳಿದ ವರ್ಷ: ಲೇವಿಯನ್ ಬೆಲ್ ಪ್ರಕರಣ

2018ರ ನವೆಂಬರ್ 13, ಮಂಗಳವಾರ. ನ್ಯೂಯಾರ್ಕ್ ಸಮಯ ಸಂಜೆ ನಾಲ್ಕರೊಳಗೆ ಲೇವಿಯನ್ ಬೆಲ್ ಒಂದು ಒಪ್ಪಂದಕ್ಕೆ ಸಹಿ ಹಾಕಬೇಕಿತ್ತು. ಹಾಕಲಿಲ್ಲ. ಗಡುವು ಮುಗಿದ ಮೇಲೆ ನಿಯಮದ ಪ್ರಕಾರ ಆ ವರ್ಷ ಅವರು ಆಡುವಂತೆಯೇ ಇರಲಿಲ್ಲ. ವಯಸ್ಸು 26. ಗಾಯವಿರಲಿಲ್ಲ, ನಿಷೇಧವೂ ಇರಲಿಲ್ಲ. ಅಮೆರಿಕನ್ ಫುಟ್‌ಬಾಲ್‌ನ ಅತ್ಯುತ್ತಮ ರನ್ನಿಂಗ್ ಬ್ಯಾಕ್ (ಚೆಂಡು ಹಿಡಿದು ಓಡುವ ಆಟಗಾರ) ಯಾರು ಎಂದು ಆಗ ಯಾರನ್ನು ಕೇಳಿದರೂ ಮೊದಲ ಎರಡು ಮೂರು ಹೆಸರುಗಳಲ್ಲಿ ಅವರದು ಇದ್ದೇ ಇರುತ್ತಿತ್ತು. ಪೂರ್ತಿ ಋತು ಆಡಿದ್ದರೆ ಸಿಗುತ್ತಿದ್ದ 1 ಕೋಟಿ 45 ಲಕ್ಷ ಡಾಲರನ್ನು ಅವರು ತಾವಾಗಿಯೇ ಕೈಬಿಟ್ಟರು.

ಮರುದಿನ ಪಿಟ್ಸ್‌ಬರ್ಗ್ ಸ್ಟೀಲರ್ಸ್ ತಂಡದ ಲಾಕರ್ ಕೋಣೆಯಲ್ಲಿ ನಡೆದದ್ದು ಪತ್ರಕರ್ತರ ಕ್ಯಾಮೆರಾಗಳ ಎದುರೇ ನಡೆಯಿತು. ತಿಂಗಳುಗಟ್ಟಲೆ ಯಾರೂ ಮುಟ್ಟದೆ ಬಿಟ್ಟಿದ್ದ ಬೆಲ್ ಅವರ ಲಾಕರಿಗೆ ಸಹ ಆಟಗಾರರು ಕೈಹಾಕಿ, ಶೂಗಳನ್ನು ಒಂದೊಂದಾಗಿ ಎತ್ತಿಕೊಂಡು, ನಗುತ್ತಾ ಹೊರಟರು. ಬಡ್ ಡುಪ್ರೀ ಎಂಬ ಆಟಗಾರ ತಮಗೆ ಸಿಕ್ಕ ಜೋಡಿಯನ್ನು ಕ್ಯಾಮೆರಾಕ್ಕೆ ತೋರಿಸಿದರು. ತಮಾಷೆಯೇನೋ ಹೌದು. ಆದರೆ ಮನೆ ಬಿಟ್ಟು ಹೋದವನ ಸಾಮಾನನ್ನು ನೆಂಟರು ಹಂಚಿಕೊಳ್ಳುವ ತಮಾಷೆ ಅದು.

ಈ ತೀರ್ಮಾನವನ್ನು ಅಮೆರಿಕದ ಕ್ರೀಡಾ ಜಗತ್ತು ಇವತ್ತಿಗೂ ಎರಡು ರೀತಿ ಓದುತ್ತದೆ. ದುರಾಸೆಗೆ ಬಿದ್ದು ವೃತ್ತಿಯನ್ನೇ ಹಾಳುಮಾಡಿಕೊಂಡ ಎನ್ನುವವರು ಒಂದು ಕಡೆ. ಆಟಗಾರರನ್ನು ಹಿಂಡಿ ಬಿಸಾಡುವ ವ್ಯವಸ್ಥೆಗೆ ಎದುರು ನಿಂತ ಎನ್ನುವವರು ಇನ್ನೊಂದು ಕಡೆ. ನನಗೆ ಎರಡೂ ಅರ್ಧ ಸರಿ ಅನ್ನಿಸುತ್ತವೆ. ತನ್ನ ದೇಹದ ಬಗ್ಗೆ ಬೆಲ್ ಹಾಕಿದ ಲೆಕ್ಕ ಸರಿಯಾಗಿಯೇ ಇತ್ತು. ತಪ್ಪಿದ್ದು ಮಾರುಕಟ್ಟೆಯ ಲೆಕ್ಕ. ಅದು ಎಲ್ಲಿ ತಪ್ಪಿತು ಎಂದು ನೋಡಲು ಸ್ವಲ್ಪ ಹಿಂದಿನಿಂದ ಬರಬೇಕು.

ನಿಂತು ಓಡುವವರು

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ಅಮೆರಿಕನ್ ಫುಟ್‌ಬಾಲ್‌ನಲ್ಲಿ ಚೆಂಡಿರುವ ತಂಡ ನಾಲ್ಕು ಪ್ರಯತ್ನಗಳೊಳಗೆ ಹತ್ತು ಯಾರ್ಡ್ ಮುಂದೆ ಹೋಗಬೇಕು. ಕ್ವಾರ್ಟರ್‌ಬ್ಯಾಕ್ ಚೆಂಡನ್ನು ಎಸೆಯಬಹುದು, ಇಲ್ಲವೇ ಹಿಂದೆ ನಿಂತ ರನ್ನಿಂಗ್ ಬ್ಯಾಕ್ ಕೈಗೆ ಕೊಡಬಹುದು. ಮುಂದೆ ಲೈನ್‌ಮನ್ ಎಂದು ಕರೆಯುವ ಐವರು ಭಾರೀ ಆಳುಗಳು ಎದುರಾಳಿಗಳನ್ನು ಒತ್ತಿ ಹಿಡಿಯುತ್ತಾರೆ. ಅವರ ನಡುವೆ ತೆರೆದುಕೊಳ್ಳುವ ಸಂದಿಯಲ್ಲಿ ರನ್ನಿಂಗ್ ಬ್ಯಾಕ್ ನುಗ್ಗಬೇಕು. ನುಗ್ಗಿದಾಗಲೆಲ್ಲ ಸಾಮಾನ್ಯವಾಗಿ ಯಾರಾದರೂ ಬಂದು ಕೆಡವುತ್ತಾರೆ. ಒಂದು ಋತುವಿನಲ್ಲಿ ಇದು ಮುನ್ನೂರು ನಾನೂರು ಸಲ ನಡೆಯುತ್ತದೆ. ಹೀಗಾಗಿ ಈ ಜಾಗದ ಆಟಗಾರರ ಆಯಸ್ಸು ಕಡಿಮೆ. ಮೂವತ್ತು ದಾಟಿದ ಮೇಲೂ ಹಳೆಯ ಓಟ ಉಳಿಸಿಕೊಂಡವರು ವಿರಳ.

ಬೆಲ್ ಹುಟ್ಟಿದ್ದು 1992ರಲ್ಲಿ, ಒಹಾಯೋ ರಾಜ್ಯದಲ್ಲಿ. ಮಿಷಿಗನ್ ಸ್ಟೇಟ್ ವಿಶ್ವವಿದ್ಯಾಲಯಕ್ಕೆ ಆಡುತ್ತಿದ್ದಾಗ 2012ರ ಋತು ಒಂದರಲ್ಲೇ 382 ಸಲ ಚೆಂಡು ಹಿಡಿದು ಓಡಿ 1,793 ಯಾರ್ಡ್ ಗಳಿಸಿದರು. ಕಾಲೇಜು ಕ್ರೀಡೆಯಲ್ಲಿ ಆಗ ಇದಕ್ಕೆಲ್ಲ ಸಂಬಳವಿಲ್ಲ, ವಿದ್ಯಾರ್ಥಿವೇತನ ಮಾತ್ರ. ದೇಹದ ಸವೆತ ಶುರುವಾಗುವುದು ಮಾತ್ರ ಅಲ್ಲಿಂದಲೇ. ಕ್ಲಬ್‌ಗಳು ಸರದಿಯಂತೆ ಕಾಲೇಜು ಆಟಗಾರರನ್ನು ಆರಿಸಿಕೊಳ್ಳುವ ಡ್ರಾಫ್ಟ್‌ನಲ್ಲಿ, 2013ರಲ್ಲಿ, ಸ್ಟೀಲರ್ಸ್ ಅವರನ್ನು ಎರಡನೇ ಸುತ್ತಿನಲ್ಲಿ, ಒಟ್ಟಾರೆ 48ನೆಯವರಾಗಿ ಆರಿಸಿಕೊಂಡಿತು. ನಾಲ್ಕು ವರ್ಷಕ್ಕೆ ಸುಮಾರು 41 ಲಕ್ಷ ಡಾಲರ್.

ಅವರ ಓಟದ ಶೈಲಿ ಬೇರೆ ಯಾರಂತೆಯೂ ಇರಲಿಲ್ಲ. ಚೆಂಡು ಕೈಗೆ ಬಂದ ತಕ್ಷಣ ನುಗ್ಗು ಎಂದು ಈ ಆಟದಲ್ಲಿ ಚಿಕ್ಕ ಹುಡುಗರಿಗೇ ಹೇಳಿಕೊಡುತ್ತಾರೆ. ಬೆಲ್ ನಿಲ್ಲುತ್ತಿದ್ದರು. ನಿಜವಾಗಿಯೂ ನಿಲ್ಲುತ್ತಿದ್ದರು. ಲೈನ್‌ಮನ್‌ಗಳ ಬೆನ್ನಿಗೆ ಅಂಟಿಕೊಂಡಂತೆ, ಕಾಲುಗಳನ್ನು ಸಣ್ಣಗೆ ಕುಣಿಸುತ್ತಾ, ಎದುರಾಳಿ ಯಾವ ಕಡೆ ವಾಲುತ್ತಾನೆ ನೋಡುತ್ತಾ ಕಾಯುತ್ತಿದ್ದರು. ಕಬಡ್ಡಿಯಲ್ಲಿ ಪಳಗಿದ ರೇಡರ್ ಬೋನಸ್ ಗೆರೆಯ ಹತ್ತಿರ ತೂಗಾಡುತ್ತಾ ಮೂಲೆಯವನು ಮುಂದೆ ಬರುವುದನ್ನೇ ಕಾಯುತ್ತಾನಲ್ಲ, ಥೇಟ್ ಹಾಗೆ. ಎದುರಾಳಿ ಒಂದು ಹೆಜ್ಜೆ ತಪ್ಪಿಟ್ಟನೋ, ಇವರು ಆಚೆ ಸಂದಿಯಿಂದ ಪಾರು.

2016ರ ಡಿಸೆಂಬರ್ 11ರಂದು ಬಫಲೋದಲ್ಲಿ ನಡೆದ ಪಂದ್ಯದ ದೃಶ್ಯಗಳನ್ನು ಸಿಕ್ಕರೆ ನೋಡಿ. ಹಿಮ ಬೀಳುತ್ತಿದೆ, ನೆಲ ಜಾರುತ್ತಿದೆ, ಎಸೆಯುವುದು ಕಷ್ಟ. ಸ್ಟೀಲರ್ಸ್ ಮತ್ತೆ ಮತ್ತೆ ಚೆಂಡನ್ನು ಬೆಲ್ ಕೈಗೇ ಕೊಡುತ್ತದೆ. 38 ಓಟ, 236 ಯಾರ್ಡ್, ಮೂರು ಟಚ್‌ಡೌನ್ (ಚೆಂಡನ್ನು ಎದುರಾಳಿಯ ಕೊನೆಯ ಗೆರೆ ದಾಟಿಸುವುದು). ಒಂದೇ ಪಂದ್ಯದಲ್ಲಿ ಆ ಕ್ಲಬ್ಬಿನ ಯಾವ ಆಟಗಾರನೂ ಅಷ್ಟು ಯಾರ್ಡ್ ಓಡಿರಲಿಲ್ಲ. ಎಲ್ಲರೂ ಜಾರುವ ನೆಲದಲ್ಲಿ, ಅವಸರವೇ ಮಾಡದ ಮನುಷ್ಯನ ಕಾಲು ಮಾತ್ರ ಜಾರುತ್ತಿಲ್ಲ. ಆ ವೀಡಿಯೊದಲ್ಲಿ ಒಂದು ಸಲ ಬೆಲ್ ಅವರನ್ನು ನೋಡಿ, ಇನ್ನೊಂದು ಸಲ ಅವರ ಮುಂದಿನ ಐವರನ್ನು ಮಾತ್ರ ನೋಡಿ. ಕಾಯುವುದಕ್ಕೆ ಬೇಕಾದ ಆ ಅರ್ಧ ಕ್ಷಣವನ್ನು ಅವರಿಗೆ ದೊರಕಿಸುತ್ತಿದ್ದವರು ಯಾರೆಂದು ಕಾಣುತ್ತದೆ.

ಚೆಂಡು ಹಿಡಿಯುವುದರಲ್ಲೂ ಅವರದು ಎತ್ತಿದ ಕೈ. 2014ರಲ್ಲಿ 1,361 ಯಾರ್ಡ್ ಓಡಿದ್ದಲ್ಲದೆ, 83 ಪಾಸ್ ಹಿಡಿದು 854 ಯಾರ್ಡ್ ಸೇರಿಸಿದರು. ಓಡುವ ಮತ್ತು ಹಿಡಿಯುವ ಎರಡು ಕೆಲಸ ಮಾಡುತ್ತಿದ್ದೇನೆ, ಎರಡಕ್ಕೂ ಸಂಬಳ ಕೊಡಿ ಎನ್ನುವ ಅವರ ಮುಂದಿನ ವಾದದ ಬೇರು ಇಲ್ಲಿದೆ. ಪಿಟ್ಸ್‌ಬರ್ಗ್‌ನಲ್ಲಿ ಆಡಿದ 62 ಪಂದ್ಯಗಳಲ್ಲಿ ಅವರ ಸರಾಸರಿ, ಎರಡೂ ಸೇರಿ, ಪಂದ್ಯಕ್ಕೆ 129 ಯಾರ್ಡ್. ಅಸಾಮಾನ್ಯ ಲೆಕ್ಕ ಇದು.

ಕಪ್ಪು ಚುಕ್ಕೆಗಳಿಲ್ಲ ಎಂದಲ್ಲ. 2014ರ ಆಗಸ್ಟ್‌ನಲ್ಲಿ ಗಾಂಜಾ ಪ್ರಕರಣದಲ್ಲಿ ಬಂಧನವಾಗಿ, 2015ರ ಮೊದಲ ಎರಡು ಪಂದ್ಯ ಹೋದವು. ಅದೇ ವರ್ಷ ನವೆಂಬರ್ 1ರಂದು ಸಿನ್ಸಿನಾಟಿ ವಿರುದ್ಧ ಮಂಡಿಯ ಅಸ್ಥಿರಜ್ಜು ಹರಿದು ಋತುವೇ ಮುಗಿಯಿತು. 2016ರಲ್ಲಿ ಮಾದಕ ವಸ್ತು ಪರೀಕ್ಷೆ ತಪ್ಪಿಸಿದ್ದಕ್ಕೆ ಮತ್ತೆ ಮೂರು ಪಂದ್ಯ ನಿಷೇಧ. ಕ್ಲಬ್ ಹಣದ ಮಾತಿಗೆ ಕೂತಾಗ ಈ ಪಟ್ಟಿಯೂ ಮೇಜಿನ ಮೇಲೆ ಇದ್ದಿರಲೇಬೇಕು.

ಟ್ಯಾಗ್ ಎಂಬ ಬೇಲಿ

2011ರಲ್ಲಿ ಎನ್‌ಎಫ್‌ಎಲ್ (ಅಮೆರಿಕನ್ ಫುಟ್‌ಬಾಲ್‌ನ ವೃತ್ತಿಪರ ಲೀಗ್) ಮತ್ತು ಆಟಗಾರರ ಸಂಘದ ನಡುವೆ ಆದ ಒಪ್ಪಂದ ಹೊಸ ಆಟಗಾರರ ಸಂಬಳಕ್ಕೆ ಕಡಿವಾಣ ಹಾಕಿತು. ಡ್ರಾಫ್ಟ್‌ನಲ್ಲಿ ಬಂದವರಿಗೆ ನಾಲ್ಕು ವರ್ಷದ ನಿಗದಿತ ಒಪ್ಪಂದ. ಮೂರು ವರ್ಷ ಮುಗಿಯುವ ತನಕ ಅದನ್ನು ಬದಲಿಸುವ ಹಾಗೇ ಇಲ್ಲ. ಮೂವತ್ತೈದು ದಾಟಿಯೂ ಆಡುವ ಕ್ವಾರ್ಟರ್‌ಬ್ಯಾಕ್‌ಗೆ ಇದು ಸಣ್ಣ ಕಾಯುವಿಕೆ. ರನ್ನಿಂಗ್ ಬ್ಯಾಕ್‌ಗೆ ಹಾಗಲ್ಲ. ಅವನ ಅತ್ಯುತ್ತಮ ವರ್ಷಗಳೇ ಆ ನಾಲ್ಕು. ಗಾಳಿ ಬಂದಾಗ ತೂರಿಕೋ ಎನ್ನುತ್ತಾರೆ. ಇಲ್ಲಿ ಗಾಳಿ ಬೀಸುವಾಗ ಮೊರ ಕ್ಲಬ್ಬಿನ ಕೈಯಲ್ಲಿರುತ್ತದೆ.

ನಾಲ್ಕು ವರ್ಷ ಮುಗಿದ ಮೇಲಾದರೂ ಬಿಡುಗಡೆಯೇ? ಅಲ್ಲಿ ಫ್ರಾಂಚೈಸ್ ಟ್ಯಾಗ್ ಅಡ್ಡ ಬರುತ್ತದೆ. 1993ರಿಂದ ಇರುವ ಈ ನಿಯಮದ ಪ್ರಕಾರ, ಒಪ್ಪಂದ ಮುಗಿದ ಒಬ್ಬ ಆಟಗಾರನನ್ನು ಕ್ಲಬ್ ಇನ್ನೊಂದು ವರ್ಷ ಹಿಡಿದಿಟ್ಟುಕೊಳ್ಳಬಹುದು. ಸಂಬಳ ಕಡಿಮೆಯೇನಲ್ಲ: ಆ ಜಾಗದಲ್ಲಿ ಆಡುವ ದುಬಾರಿ ಐವರ ಸರಾಸರಿ, ಅಥವಾ ಆಟಗಾರನ ಹಿಂದಿನ ವರ್ಷದ ಸಂಬಳದ ಶೇ 120, ಎರಡರಲ್ಲಿ ಯಾವುದು ಹೆಚ್ಚೋ ಅದು. ಕೇಳಲು ಚೆನ್ನಾಗಿದೆ. ಆದರೆ ಅದು ಒಂದೇ ವರ್ಷದ್ದು. ಆ ವರ್ಷ ಮಂಡಿ ಹೋದರೆ ಮುಂದಿನ ವರ್ಷದ ಊಟಕ್ಕೆ ಯಾರೂ ಹೊಣೆಯಲ್ಲ.

2017ರಲ್ಲಿ ಸ್ಟೀಲರ್ಸ್ ಬೆಲ್ ಮೇಲೆ ಈ ಟ್ಯಾಗ್ ಹಾಕಿತು. 1 ಕೋಟಿ 21 ಲಕ್ಷ ಡಾಲರ್. ಅವರು ತರಬೇತಿ ಶಿಬಿರಕ್ಕೆ ಬರದೆ ಮುನಿಸು ತೋರಿಸಿ, ಕೊನೆಗೆ ಸೆಪ್ಟೆಂಬರ್‌ನಲ್ಲಿ ಸಹಿ ಹಾಕಿ ಆಡಿದರು. ತಂಡ ಆ ವರ್ಷ ಅವರನ್ನು ಬಳಸಿದ ಬಗೆ ನೋಡಿ: 321 ಓಟ, 85 ಕ್ಯಾಚ್, ಒಟ್ಟು 406 ಸಲ ಚೆಂಡು ಅವರ ಕೈಗೆ. ಇಡೀ ಲೀಗ್‌ನಲ್ಲಿ ಯಾರನ್ನೂ ಅಷ್ಟು ದುಡಿಸಿರಲಿಲ್ಲ. ಮುಂದಿನ ವರ್ಷ ನಮ್ಮಲ್ಲಿ ಇರುತ್ತಾನೋ ಇಲ್ಲವೋ ಎನ್ನುವ ಆಳನ್ನು ಯಜಮಾನರು ದುಡಿಸಿಕೊಳ್ಳುವ ಪರಿ ಎಲ್ಲ ದೇಶದಲ್ಲೂ ಒಂದೇ.

2018ರಲ್ಲಿ ಎರಡನೇ ಟ್ಯಾಗ್. ಹಿಂದಿನದರ ಶೇ 120, ಅಂದರೆ 1 ಕೋಟಿ 45 ಲಕ್ಷ. ಜುಲೈ 16ರೊಳಗೆ ದೀರ್ಘಾವಧಿ ಒಪ್ಪಂದವಾಗದಿದ್ದರೆ ಆ ವರ್ಷ ಟ್ಯಾಗ್ ಒಂದೇ ದಾರಿ. ಕ್ಲಬ್ ಐದು ವರ್ಷಕ್ಕೆ 7 ಕೋಟಿ ಡಾಲರ್ ಕೊಡಲು ಮುಂದೆ ಬಂದಿತ್ತು ಎಂದು ಆಗ ವರದಿಯಾಗಿತ್ತು. ವರ್ಷಕ್ಕೆ 1 ಕೋಟಿ 40 ಲಕ್ಷ. ಬೆಲ್ ಒಪ್ಪಲಿಲ್ಲ.

ಬೆಲ್ ವಿರೋಧಿಗಳ ವಾದವೆಲ್ಲ ಈ ಏಳು ಕೋಟಿಯ ಸುತ್ತಲೇ ತಿರುಗುತ್ತದೆ. ಆದರೆ ಎನ್‌ಎಫ್‌ಎಲ್ ಒಪ್ಪಂದದಲ್ಲಿ ದೊಡ್ಡದಾಗಿ ಅಚ್ಚಾಗುವ ಮೊತ್ತ ಬೇರೆ, ಕೈಗೆ ಬರುವುದು ಬೇರೆ. ಖಾತರಿ ಎಂದು ಬರೆದಿರುವಷ್ಟು ಮಾತ್ರ ಆಟಗಾರನದು. ಉಳಿದದ್ದು ಕ್ಲಬ್ ಅವನನ್ನು ಇಟ್ಟುಕೊಂಡರೆ ಉಂಟು, ತೆಗೆದರೆ ಇಲ್ಲ. ಕ್ವಾರ್ಟರ್‌ಬ್ಯಾಕ್ ಅಲ್ಲದವರಿಗೆ ಮೊದಲ ವರ್ಷದಾಚೆ ಖಾತರಿ ಕೊಡದಿರುವುದು ಆಗ ಸ್ಟೀಲರ್ಸ್‌ನ ಹಳೆಯ ರೂಢಿಯಾಗಿತ್ತು. ಮೂರನೇ ವರ್ಷ ಮಂಡಿ ಕೈಕೊಟ್ಟರೆ ಏಳು ಕೋಟಿಯ ಕಾಗದಕ್ಕೆ ಬೆಲೆ ಏನು? ಬೆಲ್ ಕೇಳಿದ್ದು ಈ ಪ್ರಶ್ನೆಯನ್ನೇ.

ಹಟಕ್ಕೆ ಇನ್ನಷ್ಟು ತುಪ್ಪ ಸುರಿದದ್ದು ಜುಲೈ ಗಡುವು ಮುಗಿದು ಎಂಟು ದಿನ ಬಿಟ್ಟು ಬಂದ ಸುದ್ದಿ. ಲಾಸ್ ಏಂಜಲೀಸ್ ರ್‍ಯಾಮ್ಸ್ ತನ್ನ ರನ್ನಿಂಗ್ ಬ್ಯಾಕ್ ಟಾಡ್ ಗರ್ಲಿ ಅವರಿಗೆ ನಾಲ್ಕು ವರ್ಷಕ್ಕೆ 5 ಕೋಟಿ 75 ಲಕ್ಷ ಡಾಲರ್, ಅದರಲ್ಲಿ 4 ಕೋಟಿ 50 ಲಕ್ಷ ಖಾತರಿ, ಎಂದು ಸಹಿ ಹಾಕಿಸಿತು. ಬೆಲ್‌ಗಿಂತ ಎರಡು ವರ್ಷ ಚಿಕ್ಕವರು, ಹಳೆಯ ಒಪ್ಪಂದ ಇನ್ನೂ ಮುಗಿದಿರಲೇ ಇಲ್ಲ.

ಗೈರುಹಾಜರಿ

ಒಂದು ಸೂಕ್ಷ್ಮ ಇಲ್ಲಿದೆ. ಒಪ್ಪಂದದಲ್ಲಿದ್ದೂ ಶಿಬಿರಕ್ಕೆ ಬಾರದ ಆಟಗಾರನಿಗೆ ಕ್ಲಬ್ ದಂಡ ಹಾಕಬಹುದು. ಟ್ಯಾಗ್‌ಗೆ ಸಹಿಯನ್ನೇ ಹಾಕದವನು ಯಾರ ಉದ್ಯೋಗಿಯೂ ಅಲ್ಲ. ದಂಡವಿಲ್ಲ, ನೋಟಿಸ್ ಇಲ್ಲ. ಆದರೆ ಆಡದ ಪ್ರತಿ ವಾರಕ್ಕೆ 8 ಲಕ್ಷ 55 ಸಾವಿರ ಡಾಲರ್ ಹೋಗುತ್ತದೆ. ಬೆಲ್ ಮೊದಲ ವಾರಕ್ಕಾದರೂ ಬರುತ್ತಾರೆ ಎಂದು ತಂಡದವರು ನಂಬಿದ್ದರು. ಬರಲಿಲ್ಲ.

ಆಗ ಲೈನ್‌ಮನ್‌ಗಳ ಬಾಯಿ ಕಟ್ಟೆಯೊಡೆಯಿತು. ಕ್ಯಾಮೆರಾ ಮುಂದೆ ಸಹ ಆಟಗಾರನ ಸಂಬಳದ ಬಗ್ಗೆ ಮಾತಾಡಬಾರದು ಎನ್ನುವುದು ಅಲ್ಲಿನ ಅಲಿಖಿತ ನಿಯಮ. ಮೌರ್ಕಿಸ್ ಪೌನ್ಸಿ, ರಮೋನ್ ಫಾಸ್ಟರ್ ಇಬ್ಬರೂ ಅದನ್ನು ಮುರಿದರು. ತನಗಿಂತ ಏಳು ಪಟ್ಟು ಹೆಚ್ಚು ಪಡೆಯುವವನು ಬರುವುದಿಲ್ಲ, ಅವನಿಗಾಗಿ ದುಡಿಯುವವರು ನಾವು ಎಂಬ ಅರ್ಥದ ಮಾತು ಫಾಸ್ಟರ್ ಬಾಯಿಂದ ಬಂತು. ಒರಟು ಮಾತು. ಆದರೂ ಅದರಲ್ಲಿದ್ದ ನಿಜವನ್ನು ಬೆಲ್ ಆಗಲೇ ಕೇಳಿಸಿಕೊಳ್ಳಬೇಕಿತ್ತು ಅನ್ನಿಸುತ್ತದೆ. ಅವರು ನಿಂತು ಕಾಯುವಾಗ ಎದುರಾಳಿಗಳನ್ನು ತಡೆದು ಹಿಡಿದಿದ್ದ ಕೈಗಳು ಇವೇ. ಆ ಐವರಿಗೆ ಕೋಚ್ ಆಗಿದ್ದ ಮೈಕ್ ಮಂಚಕ್ ತಾವೇ ಆಟಗಾರರಾಗಿ ಹಾಲ್ ಆಫ್ ಫೇಮ್ ಸೇರಿದವರು. ಲೀಗ್‌ನಲ್ಲಿ ಅಂಥ ಮುಂಚೂಣಿ ಮೂರೋ ನಾಲ್ಕೋ ತಂಡಗಳಿಗೆ ಇದ್ದೀತು.

ಬೆಲ್ ಬದಲಿಗೆ ಇಳಿದವರು ಜೇಮ್ಸ್ ಕಾನರ್. ಪೆನ್ಸಿಲ್ವೇನಿಯಾದವರೇ, ಈರಿ ಊರಿನವರು. ಪಿಟ್ಸ್‌ಬರ್ಗ್ ವಿಶ್ವವಿದ್ಯಾಲಯಕ್ಕೆ ಆಡುವಾಗ ಹಾಜ್‌ಕಿನ್ ಲಿಂಫೋಮಾ ಎಂಬ ಕ್ಯಾನ್ಸರ್ ಬಂದು, ಚಿಕಿತ್ಸೆ ಪಡೆದು ಗುಣವಾಗಿ ಮೈದಾನಕ್ಕೆ ಮರಳಿದವರು. ಊರು ಅವರನ್ನು ಮೊದಲೇ ಎದೆಗಪ್ಪಿಕೊಂಡಿತ್ತು. 2017ರ ಡ್ರಾಫ್ಟ್‌ನ ಮೂರನೇ ಸುತ್ತಿನಲ್ಲಿ ಬಂದ ಅವರಿಗೆ ಆ ವರ್ಷ ಸಿಗುತ್ತಿದ್ದ ಸಂಬಳ ಹತ್ತು ಲಕ್ಷ ಡಾಲರ್ ಕೂಡ ಇಲ್ಲ. 13 ಪಂದ್ಯಗಳಲ್ಲಿ 973 ಯಾರ್ಡ್ ಓಡಿ 12 ಟಚ್‌ಡೌನ್ ಹೊಡೆದರು. ಬೆಲ್ ಗಡುವು ಮುಗಿದ ವಾರದ ಪಂದ್ಯವನ್ನೂ ಸೇರಿಸಿದರೆ ಸ್ಟೀಲರ್ಸ್‌ನ ದಾಖಲೆ ಏಳು ಗೆಲುವು, ಎರಡು ಸೋಲು, ಒಂದು ಡ್ರಾ.

ಬೆಲ್ ಲೆಕ್ಕಕ್ಕೆ ತೆಗೆದುಕೊಳ್ಳದೇ ಹೋದದ್ದು ಇದನ್ನು. ಆಡುತ್ತಿದ್ದಾಗ ಅವರ ಬೆಲೆ ಎಷ್ಟು ಎನ್ನುವುದು ಊಹೆಯ ವಿಷಯವಾಗಿತ್ತು. ಬೆಲ್ ಇಲ್ಲದ ಸ್ಟೀಲರ್ಸ್ ಹೇಗಿರುತ್ತದೆ ಎಂದು ಯಾರಿಗೂ ಗೊತ್ತಿರಲಿಲ್ಲ. ಆ ಅನುಮಾನವೇ ಅವರ ಬಂಡವಾಳ. ಹೊರಗೆ ಕೂತು ಅವರು ಲೀಗ್‌ನ 32 ಕ್ಲಬ್‌ಗಳಿಗೂ ಪುಕ್ಕಟೆಯಾಗಿ ಒಂದು ಪ್ರಯೋಗ ನಡೆಸಿಕೊಟ್ಟಂತಾಯಿತು. ಅದೇ ಮುಂಚೂಣಿ, ಅದೇ ಕ್ವಾರ್ಟರ್‌ಬ್ಯಾಕ್ ಬೆನ್ ರಾತ್ಲಿಸ್‌ಬರ್ಗರ್, ಪಾಸ್ ಹಿಡಿಯುವ ಅದೇ ರಿಸೀವರ್‌ಗಳು; ಬದಲಾದದ್ದು ಒಬ್ಬರು ಮಾತ್ರ. ನವೆಂಬರ್ ಹೊತ್ತಿಗೆ ಬಂದ ಫಲಿತಾಂಶ ಬೆಲ್ ಪರವಾಗಿರಲಿಲ್ಲ.

ಪ್ರಯೋಗದ ಉತ್ತರಾರ್ಧವನ್ನು ಹೆಚ್ಚಿನವರು ಮರೆತಿದ್ದಾರೆ ಎನ್ನುವುದನ್ನೂ ಹೇಳಬೇಕು. ಡಿಸೆಂಬರ್‌ನಲ್ಲಿ ಕಾನರ್ ಪಾದದ ಗಂಟು ಉಳುಕಿಸಿಕೊಂಡು ಮೂರು ಪಂದ್ಯ ಹೊರಗುಳಿದರು. ಸ್ಟೀಲರ್ಸ್ ಕೊನೆಯ ಆರರಲ್ಲಿ ನಾಲ್ಕು ಸೋತು, 9-6-1ಕ್ಕೆ ಕುಸಿದು, ಪ್ಲೇಆಫ್‌ಗೇ ಹೋಗಲಿಲ್ಲ. ಬೆಲ್ ಇದ್ದಿದ್ದರೆ ಇನ್ನೊಂದು ಪಂದ್ಯ ಗೆಲ್ಲುತ್ತಿರಲಿಲ್ಲವೇ? ಗೆಲ್ಲಬಹುದಿತ್ತು. ಆದರೆ ಆ ಮೂರು ಪಂದ್ಯಗಳ ನಡುವೆಯೇ ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್‌ನ್ನು ಸ್ಟೀಲರ್ಸ್ ಸೋಲಿಸಿತು. ಅಂದು 142 ಯಾರ್ಡ್ ಓಡಿದವರು ಐದನೇ ಸುತ್ತಿನಲ್ಲಿ ಆರಿಸಿದ್ದ ಜೇಲೆನ್ ಸ್ಯಾಮ್ಯುಯೆಲ್ಸ್ ಎಂಬ ಹೊಸ ಹುಡುಗ. ಬದಲಿಯ ಬದಲಿ.

ಮುರಿದ ಕಾಲು, ಮುರಿಯದ ಕಾಲು

ಬೆಲ್ ಬೆಂಬಲಿಗರ ಅತ್ಯಂತ ಗಟ್ಟಿ ಸಾಕ್ಷಿ ಅರ್ಲ್ ಥಾಮಸ್. ಸಿಯಾಟಲ್‌ನ ಸೇಫ್ಟಿ, ಅಂದರೆ ರಕ್ಷಣಾ ಸಾಲಿನ ಕಟ್ಟಕಡೆಯ ಆಟಗಾರ. ಅವರೂ 2018ರಲ್ಲಿ ಹೊಸ ಒಪ್ಪಂದಕ್ಕಾಗಿ ಶಿಬಿರ ಬಹಿಷ್ಕರಿಸಿದ್ದರು. ಸಂಬಳ ಕಳೆದುಕೊಳ್ಳಲಾರದೆ ಋತು ಶುರುವಾಗುವಾಗ ಬಂದು ಸೇರಿಕೊಂಡರು. ನಾಲ್ಕನೇ ವಾರ, ಸೆಪ್ಟೆಂಬರ್ 30ರಂದು, ಅರಿಜೋನಾದಲ್ಲಿ ಕಾಲು ಮುರಿಯಿತು. ಗಾಡಿಯಲ್ಲಿ ಹೊರಗೆ ಸಾಗಿಸುವಾಗ ತಮ್ಮದೇ ತಂಡದ ಬೆಂಚಿನ ಕಡೆ ಮಧ್ಯದ ಬೆರಳು ತೋರಿಸಿದರು. ಅವರ ಆ ವರ್ಷದ ಆಟ ಅಲ್ಲಿಗೆ ಮುಗಿಯಿತು. ನೋಡಿ, ಬೆಲ್ ಹೆದರಿದ್ದು ಇದಕ್ಕೇ ಎಂದು ಎಲ್ಲರೂ ಹೇಳಿದರು. ಆ ಕ್ಷಣಕ್ಕೆ ಮಾತು ಸರಿ.

ಆದರೆ ಮುಂದಿನ ಮಾರ್ಚ್‌ನಲ್ಲಿ ಏನಾಯಿತು ನೋಡಿ. ಕಾಲು ಮುರಿದುಕೊಂಡಿದ್ದ, 29 ವರ್ಷದ ಥಾಮಸ್‌ಗೆ ಬಾಲ್ಟಿಮೋರ್ ರೇವನ್ಸ್ ನಾಲ್ಕು ವರ್ಷಕ್ಕೆ 5 ಕೋಟಿ 50 ಲಕ್ಷ ಡಾಲರ್ ಕೊಟ್ಟಿತು. ಅದೇ ವಾರ, ಒಂದು ವರ್ಷ ಪೂರ್ತಿ ಮೈ ಕಾಪಾಡಿಕೊಂಡಿದ್ದ 27ರ ಬೆಲ್‌ಗೆ ನ್ಯೂಯಾರ್ಕ್ ಜೆಟ್ಸ್ ಕೊಟ್ಟದ್ದು ನಾಲ್ಕು ವರ್ಷಕ್ಕೆ 5 ಕೋಟಿ 25 ಲಕ್ಷ.

ಈ ಎರಡು ಅಂಕಿಗಳನ್ನು ಪಕ್ಕಪಕ್ಕ ಇಟ್ಟು ನೋಡಿದಾಗ ನನಗೆ ಇಡೀ ಪ್ರಕರಣ ಬೇರೆ ಥರ ಕಾಣಿಸಿತು. ಅಪಾಯವಿದ್ದದ್ದು ತನ್ನ ಮಂಡಿಯಲ್ಲಿ ಎಂದುಕೊಂಡು ಬೆಲ್ ಅದನ್ನು ಕಾಪಾಡಿದರು. ಅಪಾಯವಿದ್ದದ್ದು ಅವರು ಆಡುವ ಜಾಗದಲ್ಲಿ. ಮಾರುಕಟ್ಟೆ ಒಬ್ಬ ಸೇಫ್ಟಿಯ ಮುರಿದ ಕಾಲನ್ನು ಕ್ಷಮಿಸಿತು. ರನ್ನಿಂಗ್ ಬ್ಯಾಕ್‌ನ ಗಟ್ಟಿ ಕಾಲಿಗೂ ಹೆಚ್ಚಿಗೆ ಬೆಲೆ ಕೊಡಲಿಲ್ಲ.

ಜೆಟ್ಸ್ ಒಪ್ಪಂದ ಸೋಲೇ? ಖಾತರಿಯ ಮೊತ್ತ ನೋಡಿದರೆ ಅಲ್ಲ. 3 ಕೋಟಿ 50 ಲಕ್ಷದಷ್ಟು ಖಾತರಿ ಎಂದು ವರದಿಯಾಯಿತು. ಸ್ಟೀಲರ್ಸ್ ಅಂಥದ್ದನ್ನು ಕೊಡುತ್ತಲೇ ಇರಲಿಲ್ಲ. ಆದರೆ ವರ್ಷದ ಸರಾಸರಿ ಪಿಟ್ಸ್‌ಬರ್ಗ್‌ನ ಕೊಡುಗೆಗಿಂತ ಕಡಿಮೆ, ಅದರ ಮೇಲೆ ಒಂದು ವರ್ಷದ 1 ಕೋಟಿ 45 ಲಕ್ಷ ಆಗಲೇ ಹೋಗಿತ್ತು. ಹಿಂದೊಮ್ಮೆ ತಮ್ಮದೇ ರ್‍ಯಾಪ್ ಹಾಡಿನಲ್ಲಿ ವರ್ಷಕ್ಕೆ ಒಂದೂವರೆ ಕೋಟಿ ಬೇಕೆಂದು ಹಾಡಿಕೊಂಡಿದ್ದರು. ಆ ಅಂಕಿ ಕೊನೆಗೂ ಸಿಗಲಿಲ್ಲ.

ನ್ಯೂಯಾರ್ಕ್

ಜೆಟ್ಸ್‌ನಲ್ಲಿ ಆದದ್ದನ್ನು ಎಳೆಯುವ ಅಗತ್ಯವಿಲ್ಲ. ಅವರನ್ನು ಕರೆತಂದ ಜನರಲ್ ಮ್ಯಾನೇಜರ್ ಮೈಕ್ ಮ್ಯಾಕ್ಯಾಗ್ನನ್ ಅವರನ್ನೇ ಕ್ಲಬ್ ಎರಡು ತಿಂಗಳಲ್ಲಿ ಮನೆಗೆ ಕಳಿಸಿತು. ಕೋಚ್ ಆಡಮ್ ಗೇಸ್‌ಗೆ ರನ್ನಿಂಗ್ ಬ್ಯಾಕ್ ಮೇಲೆ ಅಷ್ಟು ಹಣ ಸುರಿಯುವುದು ಮೊದಲಿನಿಂದಲೂ ಇಷ್ಟವಿರಲಿಲ್ಲ ಎಂಬ ಮಾತಿತ್ತು. ಕ್ವಾರ್ಟರ್‌ಬ್ಯಾಕ್ ಸ್ಯಾಮ್ ಡಾರ್ನಲ್ಡ್ ಮಾನೊ ಜ್ವರದಿಂದ ಮೂರು ಪಂದ್ಯ ತಪ್ಪಿಸಿಕೊಂಡರು. ಎಲ್ಲಕ್ಕಿಂತ ಹೆಚ್ಚಾಗಿ, ಮುಂಚೂಣಿ ದುರ್ಬಲ.

ಬೆಲ್ ಅಲ್ಲೂ ನಿಂತು ಕಾದರು. ಕಾಯುವಷ್ಟರಲ್ಲಿ ಎದುರಾಳಿ ಬಂದು ಮೈಮೇಲೆ ಬೀಳುತ್ತಿದ್ದ. 245 ಓಟಕ್ಕೆ 789 ಯಾರ್ಡ್. ಓಟವೊಂದಕ್ಕೆ ಸರಾಸರಿ 3.2. ಪಿಟ್ಸ್‌ಬರ್ಗ್‌ನಲ್ಲಿ ಅದು 4.3 ಇತ್ತು. ಒಂದು ವರ್ಷ ಆಡದ್ದರಿಂದ ವೇಗ ಹೋಯಿತು ಎಂದು ಕೆಲವರು ಹೇಳುತ್ತಾರೆ, ಸ್ವಲ್ಪ ಹೋಗಿದ್ದೀತು. ನನಗೆ ಮುಂಚೂಣಿಯ ವಿವರಣೆಯೇ ಹೆಚ್ಚು ಒಪ್ಪುತ್ತದೆ. ಸಿಕ್ಕಿದ ಸಂದಿಗೆ ತಲೆ ಬಗ್ಗಿಸಿ ನುಗ್ಗುವವನು ಯಾವ ತಂಡದಲ್ಲೂ ಎರಡು ಮೂರು ಯಾರ್ಡ್ ಕಿತ್ತು ತರುತ್ತಾನೆ. ಕಾದು ಓಡುವ ಕಲೆಗೆ ಕಾಯಲು ಸಮಯ ಕೊಡುವವರು ಬೇಕು. ಪಿಟ್ಸ್‌ಬರ್ಗ್ ಬಿಟ್ಟು ಹೊರಡುವಾಗ ಬೆಲ್ ತಮ್ಮ ಪ್ರತಿಭೆಯ ಅರ್ಧವನ್ನು, ತಮಗೇ ಗೊತ್ತಿಲ್ಲದೆ, ಫಾಸ್ಟರ್ ಮತ್ತು ಪೌನ್ಸಿ ಕೈಯಲ್ಲಿ ಬಿಟ್ಟು ಹೊರಟಿದ್ದರು.

2020ರ ಅಕ್ಟೋಬರ್ 13ರಂದು ಜೆಟ್ಸ್ ಅವರನ್ನು ತೆಗೆದುಹಾಕಿತು. ಆಡಿದ್ದು 17 ಪಂದ್ಯ, ಪಡೆದದ್ದು ಸುಮಾರು 2 ಕೋಟಿ 80 ಲಕ್ಷ ಡಾಲರ್. ಅಲ್ಲಿಂದ ಕನ್ಸಾಸ್ ಸಿಟಿ ಚೀಫ್ಸ್‌ಗೆ ಹೋಗಿ ಒಂಬತ್ತು ಪಂದ್ಯಗಳಲ್ಲಿ 254 ಯಾರ್ಡ್ ಓಡಿದರು. ಆ ತಂಡ ಲೀಗ್‌ನ ಫೈನಲ್ ಆದ ಸೂಪರ್ ಬೌಲ್ ತಲುಪಿ ಸೋತಿತು. 2021ರಲ್ಲಿ ಬಾಲ್ಟಿಮೋರ್, ಆಮೇಲೆ ಟ್ಯಾಂಪಾ ಬೇ, ಎರಡೂ ಕಡೆ ಕೆಲವೇ ಪಂದ್ಯ. ಮುಂದಿನ ವರ್ಷ ಬಾಕ್ಸಿಂಗ್ ಕೈಗವಸು ತೊಟ್ಟು, ತಮ್ಮಂತೆಯೇ ಹಳೆಯ ರನ್ನಿಂಗ್ ಬ್ಯಾಕ್ ಆದ ಏಡ್ರಿಯನ್ ಪೀಟರ್ಸನ್ ಅವರನ್ನು ಐದನೇ ಸುತ್ತಿನಲ್ಲಿ ಕೆಡವಿದರು. ಪಿಟ್ಸ್‌ಬರ್ಗ್ ಬಿಟ್ಟದ್ದರ ಬಗ್ಗೆ ಪಶ್ಚಾತ್ತಾಪದ ಮಾತುಗಳನ್ನೂ ಆಮೇಲೆ ಆಡಿದ್ದಾರೆ.

ಉಳಿದವರಿಗೆ ಏನಾಯಿತು

ಬೆಲ್ ಅಸೂಯೆಪಟ್ಟಿರಬಹುದಾದ ಆ ಗರ್ಲಿ ಒಪ್ಪಂದ? ಆ ವರ್ಷದ ಕೊನೆಗೇ ಗರ್ಲಿಯ ಮಂಡಿ ತೊಂದರೆ ಕೊಡತೊಡಗಿತು. 2019ರ ಫೆಬ್ರವರಿಯ ಸೂಪರ್ ಬೌಲ್‌ನಲ್ಲಿ ಅವರು ಓಡಿದ್ದು ಹತ್ತೇ ಸಲ, 35 ಯಾರ್ಡ್. 2020ರ ಮಾರ್ಚ್‌ನಲ್ಲಿ, 25ನೇ ವಯಸ್ಸಿನಲ್ಲಿ, ರ್‍ಯಾಮ್ಸ್ ಅವರನ್ನು ಕೈಬಿಟ್ಟಿತು. ಗರ್ಲಿಗೆ ಖಾತರಿಯ ಹಣ ಸಿಕ್ಕಿತ್ತು, ಅದು ಬೇರೆ ಮಾತು. ಆದರೆ ಅದನ್ನು ನೋಡಿದ ಉಳಿದ ಕ್ಲಬ್‌ಗಳು ಪಾಠ ಕಲಿತವು. ಡಲ್ಲಾಸ್‌ನ ಎಜೆಕಿಯಲ್ ಎಲಿಯಟ್ 2019ರಲ್ಲಿ ಶಿಬಿರ ಬಹಿಷ್ಕರಿಸಿ ಆರು ವರ್ಷಕ್ಕೆ 9 ಕೋಟಿ ಡಾಲರ್ ಗಿಟ್ಟಿಸಿದರು. ಅವರನ್ನೂ 2023ರಲ್ಲಿ ತೆಗೆದುಹಾಕಿದರು.

ಟ್ಯಾಗ್ ಬೆಲೆಯೇ ಕಥೆ ಹೇಳುತ್ತದೆ. 2017ರಲ್ಲಿ ರನ್ನಿಂಗ್ ಬ್ಯಾಕ್ ಟ್ಯಾಗ್ 1 ಕೋಟಿ 21 ಲಕ್ಷ. 2023ರಲ್ಲಿ 1 ಕೋಟಿ 1 ಲಕ್ಷ. 2018ರಿಂದ 2023ರೊಳಗೆ ತಂಡವೊಂದು ಒಟ್ಟು ಸಂಬಳಕ್ಕೆ ಖರ್ಚು ಮಾಡಬಹುದಾದ ಮಿತಿ 17 ಕೋಟಿ 72 ಲಕ್ಷದಿಂದ 22 ಕೋಟಿ 48 ಲಕ್ಷಕ್ಕೆ ಏರಿತ್ತು. ಎಲ್ಲರ ಸಂಬಳ ಏರುವಾಗ ಒಂದೇ ಜಾಗದ ಬೆಲೆ ಇಳಿಯಿತು. 2023ರ ಜುಲೈನಲ್ಲಿ ಸೇಕ್ವಾನ್ ಬಾರ್ಕ್ಲಿ, ಜಾಶ್ ಜೇಕಬ್ಸ್, ಟೋನಿ ಪೊಲಾರ್ಡ್ ಮೂವರೂ ಟ್ಯಾಗ್‌ಗೆ ಸಿಕ್ಕಿ, ದೀರ್ಘ ಒಪ್ಪಂದವಿಲ್ಲದೆ ಗಡುವು ದಾಟಿದಾಗ, ಆಸ್ಟಿನ್ ಎಕ್ಲರ್ ಮುಂದಾಳತ್ವದಲ್ಲಿ ಲೀಗ್‌ನ ರನ್ನಿಂಗ್ ಬ್ಯಾಕ್‌ಗಳು ಝೂಮ್ ಸಭೆ ಸೇರಿದರು. ಏನು ಮಾಡುವುದು ಎಂದು ಮಾತಾಡಿದರು. ಮೂವರಲ್ಲಿ ಒಬ್ಬರೂ ಬೆಲ್ ದಾರಿ ಹಿಡಿದು ಇಡೀ ವರ್ಷ ಹೊರಗೆ ಕೂರಲಿಲ್ಲ. ಆ ದಾರಿಯ ಕೊನೆ ಏನೆಂದು ಅವರೆಲ್ಲ ನೋಡಿದ್ದರು.

ಅವರಲ್ಲಿ ಬಾರ್ಕ್ಲಿ ಕಥೆ ಬೇರೆಯಾಯಿತು. ನ್ಯೂಯಾರ್ಕ್ ಜೈಂಟ್ಸ್‌ನಲ್ಲಿ ಆ ಒಂದು ವರ್ಷ ಆಡಿ ಮುಗಿಸಿ, 2024ರಲ್ಲಿ ಫಿಲಡೆಲ್ಫಿಯಾ ಈಗಲ್ಸ್ ಸೇರಿದರು, ಮೂರು ವರ್ಷಕ್ಕೆ 3 ಕೋಟಿ 77 ಲಕ್ಷಕ್ಕೆ. ಬೆಲ್ ಜೆಟ್ಸ್‌ಗೆ ಹೋದಾಗಿನ ವಯಸ್ಸೇ, 27. ವ್ಯತ್ಯಾಸವೆಂದರೆ ಬಾರ್ಕ್ಲಿ ದುರ್ಬಲ ಮುಂಚೂಣಿಯಿಂದ ಲೀಗ್‌ನ ಬಲಿಷ್ಠ ಮುಂಚೂಣಿಗಳಲ್ಲೊಂದರ ಹಿಂದೆ ಬಂದು ನಿಂತರು. ಬೆಲ್ ಹೋದದ್ದು ಉಲ್ಟಾ ದಿಕ್ಕಿಗೆ. ಬಾರ್ಕ್ಲಿ ಆ ವರ್ಷ 2,005 ಯಾರ್ಡ್ ಓಡಿ, ತಮ್ಮ 28ನೇ ಹುಟ್ಟುಹಬ್ಬದ ದಿನ ಸೂಪರ್ ಬೌಲ್ ಗೆದ್ದರು. ಮರು ತಿಂಗಳೇ ಕ್ಲಬ್ ಇನ್ನೆರಡು ವರ್ಷಕ್ಕೆ 4 ಕೋಟಿ 12 ಲಕ್ಷ ಸೇರಿಸಿತು.

ಪಿಟ್ಸ್‌ಬರ್ಗ್‌ಗೆ ಬೆಲ್ ಹೋದದ್ದಕ್ಕೆ ಪರಿಹಾರವಾಗಿ 2020ರ ಡ್ರಾಫ್ಟ್‌ನಲ್ಲಿ ಮೂರನೇ ಸುತ್ತಿನ ಕೊನೆಯ ಒಂದು ಆಯ್ಕೆ ಸಿಕ್ಕಿತು. ಅದರಲ್ಲಿ ಬಂದ ಅಲೆಕ್ಸ್ ಹೈಸ್ಮಿತ್ ಎದುರಾಳಿ ಕ್ವಾರ್ಟರ್‌ಬ್ಯಾಕ್‌ಗಳನ್ನು ಬೆನ್ನಟ್ಟುವ ಒಳ್ಳೆಯ ಆಟಗಾರನಾಗಿ ಬೆಳೆದು, ದೊಡ್ಡ ಒಪ್ಪಂದವನ್ನೂ ಪಡೆದರು. ಕಾನರ್ ಅವರ ನಾಲ್ಕು ವರ್ಷ ಮುಗಿದಾಗ ಸ್ಟೀಲರ್ಸ್ ಉಳಿಸಿಕೊಳ್ಳಲಿಲ್ಲ. ಅವರು 2021ರಲ್ಲಿ ಒಂದು ವರ್ಷದ ಸಣ್ಣ ಒಪ್ಪಂದಕ್ಕೆ ಅರಿಜೋನಾಗೆ ಹೋದರು. ಆ ಜಾಗಕ್ಕೆ ಡ್ರಾಫ್ಟ್‌ನ ಮೊದಲ ಸುತ್ತಿನಲ್ಲೇ ನಜೀ ಹ್ಯಾರಿಸ್ ಬಂದರು. ಆಡಿದ ನಾಲ್ಕೂ ವರ್ಷ ಅವರು ಸಾವಿರ ಯಾರ್ಡ್ ದಾಟಿದರು. ಐದನೇ ವರ್ಷಕ್ಕೆ ಅವರನ್ನು ಇಟ್ಟುಕೊಳ್ಳುವ ಹಕ್ಕು ಒಪ್ಪಂದದಲ್ಲೇ ಇದ್ದರೂ ಸ್ಟೀಲರ್ಸ್ ಅದನ್ನು ಬಳಸಲಿಲ್ಲ, 2025ರಲ್ಲಿ ಹ್ಯಾರಿಸ್ ಒಂದು ವರ್ಷದ ಒಪ್ಪಂದದ ಮೇಲೆ ಲಾಸ್ ಏಂಜಲೀಸ್ ಚಾರ್ಜರ್ಸ್ ಸೇರಿದರು.